ಹೊಳೆಯನ್ನು ಕಟ್ಟಿದವರು ಹೊಲವನ್ನೂ ಕಾಯಬೇಕು

ನಿಸರ್ಗವನ್ನು ಮನುಷ್ಯ ಹತೋಟಿಯಲ್ಲಿ ಇಟ್ಟುಕೊಳ್ಳಬಹುದೇ ಎಂಬ ಮಾತು ಬಂದಾಗಲೆಲ್ಲ ಜನ ಎರಡು ಪಾಳಯವಾಗಿ ಒಡೆಯುತ್ತಾರೆ. ಅಣೆಕಟ್ಟೆ ಕಟ್ಟಿದ್ದೇ ತಪ್ಪು ಎನ್ನುವವರು ಒಂದು ಕಡೆ, ಇನ್ನೊಂದು ಕಟ್ಟಿಬಿಟ್ಟರೆ ಎಲ್ಲ ಸರಿಹೋಗುತ್ತದೆ ಎನ್ನುವವರು ಮತ್ತೊಂದು ಕಡೆ. ತುಂಗಭದ್ರಾ ಎಡದಂಡೆ ನಾಲೆಯ ಅನ್ನ ಉಂಡು ಬೆಳೆದ ನನಗೆ ಇಬ್ಬರ ಮಾತೂ ಗಂಟಲಲ್ಲಿ ಇಳಿಯುವುದಿಲ್ಲ.

ಅಣೆಕಟ್ಟೆಯೇ ಬೇಡವಾಗಿತ್ತು ಎನ್ನುವವರು ಒಮ್ಮೆ ನಾಲೆಯ ನೀರು ಏರದ ಎತ್ತರದ ಒಣ ಊರುಗಳಲ್ಲಿ ಒಂದು ಬೇಸಿಗೆ ಕಳೆಯಲಿ. ನೀರು ಹತ್ತದ ಹಳ್ಳಿಗಳಿಂದ ಜನ ಇವತ್ತಿಗೂ ಮನೆಗೆ ಬೀಗ ಹಾಕಿ, ಮುದುಕರನ್ನು ಬಿಟ್ಟು, ಮಕ್ಕಳನ್ನು ಕಟ್ಟಿಕೊಂಡು ಬೆಂಗಳೂರಿಗೆ ಗುಳೆ ಹೋಗುತ್ತಾರೆ. 1876–78ರ ಮಹಾ ಬರಗಾಲದಲ್ಲಿ ಬಳ್ಳಾರಿ ಸೀಮೆ ಅನುಭವಿಸಿದ್ದು ಚರಿತ್ರೆಯಲ್ಲಿ ದಾಖಲಾಗಿದೆ. ತುಂಗಭದ್ರೆಗೆ ಅಡ್ಡಲಾಗಿ ಕಟ್ಟೆ ಹಾಕುವ ಯೋಚನೆಯನ್ನು ಬ್ರಿಟಿಷ್ ಎಂಜಿನಿಯರ್ ಸರ್ ಆರ್ಥರ್ ಕಾಟನ್ ಅದಕ್ಕೂ ಮೊದಲೇ, 1860ರಲ್ಲಿ, ಮುಂದಿಟ್ಟಿದ್ದರು. ಮದ್ರಾಸ್ ಮತ್ತು ಹೈದರಾಬಾದ್ ಸರ್ಕಾರಗಳು ಒಂದು ಮಾತಿಗೆ ಬಂದು ಅಡಿಗಲ್ಲು ಇಡುವಷ್ಟರಲ್ಲಿ 1945 ಬಂತು. 1953ರಲ್ಲಿ ನಾಲೆಗೆ ನೀರು ಹರಿಯಿತು. ಇದಕ್ಕಾಗಿ ನಾರಾಯಣದೇವರಕೆರೆಯಂಥ ತುಂಬಿದ ಊರುಗಳು ನೀರಿನಡಿ ಹೋದವು. ಆ ಜನ ಬಿಟ್ಟುಕೊಟ್ಟ ಮನೆ, ಗುಡಿ, ತೋಟಗಳ ಋಣ ನಮ್ಮ ಪ್ರತಿ ಗದ್ದೆಯ ಮೇಲಿದೆ. ಆ ಋಣವನ್ನು ನಾವು ಹೇಗೆ ತೀರಿಸುತ್ತಿದ್ದೇವೆ ಎಂಬುದೇ ನನ್ನ ಸಂಕಟ.

ಹೊಳೆಯನ್ನು ಒಮ್ಮೆ ಕಟ್ಟಿದರೆ ಅದು ಕಟ್ಟಿದಂತೆಯೇ ಇರುತ್ತದೆ ಎಂದು ನಾವು ನಂಬಿಬಿಟ್ಟಿದ್ದೇವೆ. ಕಟ್ಟಿದಾಗ ಜಲಾಶಯ ಹಿಡಿಯುತ್ತಿದ್ದದ್ದು ಸುಮಾರು 133 ಟಿಎಂಸಿ (ಒಂದು ಟಿಎಂಸಿ ಎಂದರೆ ನೂರು ಕೋಟಿ ಘನ ಅಡಿ ನೀರು). ಈಗಿನ ಲೆಕ್ಕ 105.78. ಉಳಿದ ಜಾಗದಲ್ಲಿ ಹೂಳು ಕೂತಿದೆ, ಅಂದರೆ ಮೇಲಿನ ಜಿಲ್ಲೆಗಳ ಹೊಲ, ಗುಡ್ಡ, ಕಾಡಿನ ಮಣ್ಣು. ನಿಂತ ನೀರಿನಲ್ಲಿ ಮಣ್ಣು ತಳಕ್ಕೆ ಇಳಿಯುವುದು ಅದರ ಧರ್ಮ, ಅದಕ್ಕೆ ಯಾರ ಅಪ್ಪಣೆಯೂ ಬೇಕಿಲ್ಲ. ವಿಜಯನಗರದ ಕಾಲದವರು ಇದೇ ಹೊಳೆಗೆ ತಗ್ಗಾದ ಅಡ್ಡಗಟ್ಟೆಗಳನ್ನು ಹಾಕಿ, ಬೇಕಾದಷ್ಟು ನೀರನ್ನು ಕಾಲುವೆಗೆ ತಿರುಗಿಸಿಕೊಂಡು, ಮಿಕ್ಕಿದ್ದನ್ನು ಹೂಳಿನ ಸಮೇತ ಮುಂದೆ ಬಿಟ್ಟರು. ಬಸವಣ್ಣ ಕಾಲುವೆ, ತುರ್ತು ಕಾಲುವೆಗಳಲ್ಲಿ ಇಂದಿಗೂ ನೀರು ಹರಿಯುತ್ತಿದೆ, ಹಂಪಿ ಸುತ್ತಲಿನ ಬಾಳೆ, ಕಬ್ಬು ಅದರಿಂದಲೇ ನಿಂತಿವೆ. ಹಾಗೆಂದು ಹಿಂದಿನವರೇ ಜಾಣರು ಎಂದು ನಾನು ಹೇಳುವುದಿಲ್ಲ. ಆ ಕಾಲುವೆಗಳು ಹೊಳೆದಂಡೆಯ ನೆಲಕ್ಕೆ ಸಾಕಾದವು, ಸಿಂಧನೂರು, ಮಾನ್ವಿಯ ಎರೆಹೊಲಗಳಿಗೆ ಅವುಗಳಿಂದ ಒಂದು ಹನಿಯೂ ಬರುತ್ತಿರಲಿಲ್ಲ.

2024ರ ಆಗಸ್ಟ್ 10ರ ರಾತ್ರಿ, ಕಟ್ಟೆಯ ನೆತ್ತಿಯಿಂದ ನೀರು ಬಿಡುವ ಹತ್ತೊಂಬತ್ತನೇ ಕ್ರಸ್ಟ್ ಗೇಟಿನ ಚೈನು ತುಂಡಾಗಿ ಗೇಟು ಕೊಚ್ಚಿಹೋದಾಗ ಜಲಾಶಯ ತುಂಬಿತ್ತು. ಕಟ್ಟೆಯ ಮೇಲಿನ ಒತ್ತಡ ಇಳಿಸಲು ಉಳಿದ ಗೇಟುಗಳನ್ನೂ ಎತ್ತಬೇಕಾಯಿತು. ಭತ್ತ ನಾಟಿ ಮಾಡಿ ಕೂತಿದ್ದ ನಾಲ್ಕು ಜಿಲ್ಲೆಗಳ ರೈತರು ಆ ವಾರವೆಲ್ಲ ಮೊಬೈಲ್ ಕೆಳಗಿಡಲಿಲ್ಲ. ನಿವೃತ್ತ ತಜ್ಞ ಕನ್ನಯ್ಯ ನಾಯ್ಡು ಅವರ ಮಾರ್ಗದರ್ಶನದಲ್ಲಿ, ಹರಿಯುವ ನೀರಿನಲ್ಲೇ ಕಾರ್ಮಿಕರು ಜೀವ ಒತ್ತೆಯಿಟ್ಟು, ಗೇಟಿನ ಜಾಗ ಮುಚ್ಚುವ ಉಕ್ಕಿನ ಅಡ್ಡಹಲಗೆ, ಅಂದರೆ ಸ್ಟಾಪ್‌ಲಾಗ್ ಇಳಿಸಿದರು. ಅವರಿಗೆ ಎಷ್ಟು ಕೈಮುಗಿದರೂ ಕಡಿಮೆ. ಆದರೆ ಎಪ್ಪತ್ತು ವರ್ಷ ನೀರಿನಲ್ಲಿ ನಿಂತ ಕಬ್ಬಿಣ ಸವೆಯುತ್ತದೆ ಎಂಬುದು ತಿಳಿಯದ ಸಂಗತಿಯೇ? ಮರುವರ್ಷ ಜಲಾಶಯದಲ್ಲಿ 80 ಟಿಎಂಸಿಗಿಂತ ಹೆಚ್ಚು ನಿಲ್ಲಿಸಲಿಲ್ಲ. ಗೇಟುಗಳನ್ನು ಬದಲಿಸುವುದಕ್ಕಾಗಿ ಎರಡನೇ ಬೆಳೆಗೆ ನೀರು ಇಲ್ಲವೆಂದರು.

ಗೇಟು ಹೋದರೆ ಊರಿಗೆಲ್ಲ ಸುದ್ದಿಯಾಗುತ್ತದೆ. ನೆಲ ಹೋದರೆ ಆಗುವುದಿಲ್ಲ. ಕಾರಟಗಿ ಕಡೆ ನಮ್ಮ ದೊಡ್ಡಪ್ಪನ ಹೊಲದ ಕೆಳಮಗ್ಗುಲಿನ ತುಣುಕನ್ನು ಬೇಸಿಗೆಯಲ್ಲಿ ನೋಡಬೇಕು. ದೂರದಿಂದ ಸುಣ್ಣ ಚೆಲ್ಲಿದಂತೆ ಬೆಳ್ಳಗಿರುತ್ತದೆ. ಕಾಲಿಟ್ಟರೆ ಮೇಲಿನ ಪದರ ಮೆತ್ತಗೆ ಕುಸಿದು, ಅಡಿಯಲ್ಲಿ ಅಂಟು ಹಸಿ ಮಣ್ಣು ಸಿಗುತ್ತದೆ. ಬೆರಳಿಗೆ ಹತ್ತಿದ್ದನ್ನು ನಾಲಗೆಗೆ ತಾಗಿಸಿದರೆ ಉಪ್ಪು. ಮಳೆಗಾಲದಲ್ಲಿ ಅಲ್ಲಿ ನೆಟ್ಟ ಸಸಿಯ ಎಲೆಯ ತುದಿ ಮೊದಲು ಕಂದುತ್ತದೆ, ಆಮೇಲೆ ಬುಡಕ್ಕೆ ಬುಡವೇ ಒಣಗುತ್ತದೆ. ಬದುವಿನ ಮೇಲೆ ಬಳ್ಳಾರಿ ಜಾಲಿ ಮಾತ್ರ ಹಸಿರಾಗಿ ನಿಂತಿರುತ್ತದೆ. "ತಮ್ಮಾ, ನಮ್ಮಪ್ಪ ಇದೇ ಹೊಲದಲ್ಲಿ ಬಿಳಿಜೋಳ ಬೆಳೆದು ಹಗೇವು ತುಂಬಿಸುತ್ತಿದ್ದ" ಎಂದು ದೊಡ್ಡಪ್ಪ ಹೇಳುವಾಗ ಅವರ ದನಿಯಲ್ಲಿ ಸಿಟ್ಟಿರುವುದಿಲ್ಲ, ನಾಚಿಕೆ ಇರುತ್ತದೆ. ನನಗೆ ಅದೇ ಹೆಚ್ಚು ನೋವು.

ನಮ್ಮದು ಎರೆಮಣ್ಣು. ನೀರು ಕುಡಿದರೆ ಬೇಗ ಬಿಟ್ಟುಕೊಡುವುದಿಲ್ಲ. ಬಸಿಗಾಲುವೆ ಇಲ್ಲದೆ ತಿಂಗಳುಗಟ್ಟಲೆ ಗದ್ದೆಯಲ್ಲಿ ನೀರು ನಿಲ್ಲಿಸಿದರೆ ಅಂತರ್ಜಲ ಮೇಲೇರಿ, ಆಳದಲ್ಲಿದ್ದ ಲವಣವನ್ನೂ ಜೊತೆಗೆ ತರುತ್ತದೆ. ಬಿಸಿಲಿಗೆ ನೀರು ಆರುತ್ತದೆ, ಉಪ್ಪು ಉಳಿಯುತ್ತದೆ. ಸವಳು-ಜವಳು ಎಂದು ನಾವು ಕರೆಯುವ ಈ ರೋಗ ಗಂಗಾವತಿ, ಸಿಂಧನೂರು, ಸಿರುಗುಪ್ಪ ಎಲ್ಲ ಕಡೆ ಇದೆ. ಗಂಗಾವತಿಯ ಕೃಷಿ ಸಂಶೋಧನಾ ಕೇಂದ್ರದವರು ಇದರ ಮೇಲೆ ದಶಕಗಳಿಂದ ಕೆಲಸ ಮಾಡುತ್ತ ಬಂದಿದ್ದಾರೆ. ನೆಲದಡಿ ಕೊಳವೆ ಹಾಕಿ ಬಸಿಯುವುದು, ಜಿಪ್ಸಂ, ಹಸಿರೆಲೆ ಗೊಬ್ಬರ, ದಾರಿಗಳಿವೆ. ಆದರೆ ಒಬ್ಬನ ಹೊಲದಿಂದ ಬಸಿದ ನೀರು ಹೋಗಲು ಹಳ್ಳದವರೆಗೆ ಎಲ್ಲರ ಹೊಲದಲ್ಲೂ ದಾರಿ ಬೇಕು. ಇದು ಸರ್ಕಾರ ಮತ್ತು ಊರು ಕೂಡಿ ಮಾಡುವ ಕೆಲಸ.

ಈ ನೀರಾವರಿಯನ್ನು ರೂಪಿಸಿದ್ದು ಮುಖ್ಯವಾಗಿ ಜೋಳ, ಹತ್ತಿ, ಶೇಂಗಾದಂಥ ಅರೆ ನೀರಾವರಿ ಬೆಳೆಗಳಿಗೆ. ನಾವು ಮಾಡಿದ್ದು ಭತ್ತ, ಅದೂ ಎರಡೆರಡು ಬೆಳೆ. ರೈತನನ್ನು ಬೈದು ಕೈತೊಳೆದುಕೊಳ್ಳುವವರ ಜೊತೆ ನಾನಿಲ್ಲ. ಭತ್ತಕ್ಕೆ ಗಂಗಾವತಿ, ಕಾರಟಗಿ, ಸಿಂಧನೂರಿನಲ್ಲಿ ಗಿರಣಿಯಿದೆ, ಸಾಲ ಕೊಡುವ ದಲಾಲರಿದ್ದಾರೆ, ಸೋನಾ ಮಸೂರಿಗೆ ಹೆಸರಿದೆ. ಜೋಳ ಬೆಳೆದವನು ಚೀಲ ಹೊತ್ತು ಖರೀದಿ ಕೇಂದ್ರದ ಮುಂದೆ ದಿನಗಟ್ಟಲೆ ಕಾಯಬೇಕು. ಹೀಗಿರುವಾಗ ಅವನು ಭತ್ತ ಬಿಡು ಎಂದರೆ ಬಿಡುತ್ತಾನೆಯೇ? ಇತ್ತ ನಾಲೆಯ ಮೊದಲ ಭಾಗದಲ್ಲಿ ಗದ್ದೆ ಕೆರೆಯಂತೆ ತುಂಬಿರುವಾಗ ಕೊನೆ ಭಾಗದ ಮಾನ್ವಿ, ರಾಯಚೂರಿನ ರೈತರು ಪ್ರತಿ ವರ್ಷ ರಸ್ತೆಗೆ ಇಳಿಯುತ್ತಾರೆ. ಮೇಲಿನವನ ನೆಲ ನೀರು ಹೆಚ್ಚಾಗಿ ಕೆಡುತ್ತದೆ, ಕೆಳಗಿನವನ ಬೆಳೆ ನೀರಿಲ್ಲದೆ ಒಣಗುತ್ತದೆ, ನೀರು ಮಾತ್ರ ಒಂದೇ ನಾಲೆಯದು.

ಹಾಗಾಗಿ ನನ್ನ ಅಭಿಪ್ರಾಯ ಇಷ್ಟು. ಹೊಳೆಗೆ ಕಟ್ಟೆ ಹಾಕುವ ಹಕ್ಕು ಮನುಷ್ಯನಿಗಿದೆ, ಹಸಿವು ಆ ಹಕ್ಕನ್ನು ಕೊಟ್ಟಿದೆ. ಆದರೆ ತನ್ನ ಬಳಕೆಗೆ ಮಿತಿ ಹಾಕಿಕೊಳ್ಳಲಾರದವನು ನೀರನ್ನು ಎಷ್ಟು ಎತ್ತರಕ್ಕೆ ನಿಲ್ಲಿಸಿದರೂ ಅದು ಹತೋಟಿಯಲ್ಲ. ಈಗ ಹೂಳಿನಿಂದ ಹೋದ ನೀರಿಗೆ ಬದಲಾಗಿ ನವಲಿ ಬಳಿ ಸಮಾನಾಂತರ ಜಲಾಶಯ ಎನ್ನುತ್ತಿದ್ದಾರೆ. ಮತ್ತೆ ಹೊಲ, ಮನೆ ಮುಳುಗಬೇಕಾಗುತ್ತದೆ. ಅದು ಆಗಲೇಬೇಕೆಂದಾದರೂ ಆ ನೀರು ಹರಿಯುವುದು ಇದೇ ಬಸಿಗಾಲುವೆಯಿಲ್ಲದ ಎರೆಹೊಲಗಳಿಗೆ, ಇದೇ ಭತ್ತಕ್ಕೆ.

ಮುಂದಿನ ಮುಂಗಾರಿಗೆ ನೀರಾವರಿ ಸಲಹಾ ಸಮಿತಿ ಸೇರಿದಾಗ ನಮ್ಮ ಶಾಸಕರು ನೀರು ಬಿಡುವ ದಿನಾಂಕವೊಂದನ್ನೇ ಕೇಳಿ ಎದ್ದುಬರಬಾರದು. ಯಾವ ವಿತರಣಾ ಕಾಲುವೆಗೆ ಯಾವ ಬೆಳೆ ಎಂಬ ಪಟ್ಟಿ ಪ್ರತಿ ಪಂಚಾಯಿತಿಯ ಗೋಡೆಗೆ ಬರಲಿ. ಜೋಳ, ತೊಗರಿ, ನವಣೆ ಬೆಳೆದವನ ಫಸಲನ್ನು ಕೊಯ್ಲಿಗೆ ಮೊದಲೇ ಬೆಲೆ ಹೇಳಿ ಕೊಳ್ಳುವ ಏರ್ಪಾಡಾಗಲಿ. ಮೊದಲ ವರ್ಷ ಒಂದೇ ಕಾಲುವೆಯಲ್ಲಿ ಮಾಡಿ ತೋರಿಸಿದರೂ ಸಾಕು, ಪಕ್ಕದ ಕಾಲುವೆಯವರು ತಾವಾಗಿಯೇ ಕೇಳಿಕೊಂಡು ಬರುತ್ತಾರೆ.