ಉಪ್ಪಿನಕಾಯಿಯ ಆಚೆಗಿನ ಲೋಕನಾಥ್

ಮೊನ್ನೆ ಮತ್ತೆ ‘ಮಿಂಚಿನ ಓಟ’ ಸಿನಿಮಾ ನೋಡಿದೆ. ಜೊತೆಗೆ ಮಗಳೂ ಕೂತಿದ್ದಳು. ತಾತನ ಪಾತ್ರ ಬಂದ ಕೂಡಲೇ ನನ್ನ ಬಾಯಿಂದ ಬಂದ ಮಾತು, “ನೋಡು, ಇವರೇ ಉಪ್ಪಿನಕಾಯಿ ಲೋಕನಾಥ್.” ಅಂದ ಮೇಲೆ ಬೇಜಾರಾಯಿತು. ಪಕ್ಕದಲ್ಲಿ ಶಂಕರ್‌ನಾಗ್, ಅನಂತ್‌ನಾಗ್ ಇದ್ದರೂ ನಮ್ಮ ಕಣ್ಣನ್ನು ತಮ್ಮ ಕಡೆಗೇ ಎಳೆದುಕೊಳ್ಳುವ ನಟ ಅವರು. ಅಂಥವರನ್ನು ಪರಿಚಯಿಸೋಕೆ ನನಗೆ ಸಿಕ್ಕಿದ್ದು ಉಪ್ಪಿನಕಾಯಿ ಒಂದೇನಾ?

ಆ ಹೆಸರು ಬಂದದ್ದು 1974ರ ‘ಭೂತಯ್ಯನ ಮಗ ಅಯ್ಯು’ ಚಿತ್ರದಿಂದ. ಸಾಹಿತಿ ಗೊರೂರು ರಾಮಸ್ವಾಮಿ ಅಯ್ಯಂಗಾರರ ಕಥೆ, ಸಿದ್ದಲಿಂಗಯ್ಯನವರ ನಿರ್ದೇಶನ. ಊರಿನ ಜನ ಭೂತಯ್ಯನ ಮನೆಗೆ ನುಗ್ಗಿ ಸಿಕ್ಕಿದ್ದನ್ನೆಲ್ಲ ದೋಚುತ್ತಾರೆ. ಲೋಕನಾಥ್ ಅವರ ಪಾತ್ರಕ್ಕೆ ಮಾತ್ರ ಬೇಕಾದದ್ದು ಉಪ್ಪಿನಕಾಯಿ. ಅದನ್ನು ಅವರು ತಿನ್ನುವ ರೀತಿ ನೋಡಿ ನಾವೆಲ್ಲ ನಕ್ಕಿದ್ದೇವೆ. ನಾನೂ ಚಿಕ್ಕಂದಿನಲ್ಲಿ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆ. ಈಗ ನೋಡಿದರೆ ಗಂಟಲು ಕಟ್ಟುತ್ತದೆ. ಸಾಲ ಕೊಟ್ಟು ಊರನ್ನೇ ಹಿಂಡಿದವನ ಮನೆ ಅದು. ಬಡವನೊಬ್ಬ ಕೊನೆಗೂ ಅದರೊಳಗೆ ಕಾಲಿಟ್ಟಿದ್ದಾನೆ. ಏನು ಬೇಕಾದರೂ ಎತ್ತಿಕೊಂಡು ಹೋಗಬಹುದು. ಅವನಿಗೆ ನೆನಪಾಗುವುದು ಊಟಕ್ಕೆ ನಂಚಿಕೊಳ್ಳುವ ಉಪ್ಪಿನಕಾಯಿ. ಅವನ ಆಸೆಯೇ ಅಷ್ಟು ಚಿಕ್ಕದು. ಹಸಿದವನ ಆತುರವನ್ನು ಅಷ್ಟು ಸಾಚಾ ಆಗಿ ಮಾಡಿದ್ದಕ್ಕೇ ಅಲ್ವಾ, 50 ವರ್ಷವಾದರೂ ನಾವು ಮರೆತಿಲ್ಲ? ನಾವು ಅದನ್ನು ಬರೀ ಕಾಮಿಡಿ ಅಂದುಕೊಂಡುಬಿಟ್ಟೆವು.

ಅವರು ಹುಟ್ಟಿದ್ದು 1927ರಲ್ಲಿ. ಸಿನಿಮಾಕ್ಕೆ ಬಂದದ್ದು 1970ರ ‘ಸಂಸ್ಕಾರ’ದಿಂದ. ಅಂದರೆ 40 ದಾಟಿದ ಮೇಲೆ. ಅಷ್ಟರೊಳಗೆ ರಂಗಭೂಮಿಯಲ್ಲಿ ಪಳಗಿದ್ದರು. ಚಿತ್ರರಂಗದಲ್ಲಿ ಪ್ರೀತಿಯಿಂದ ‘ಅಂಕಲ್ ಲೋಕನಾಥ್’ ಅನ್ನುತ್ತಿದ್ದರು. ನನಗೆ ಈ ಹೆಸರೇ ಜಾಸ್ತಿ ಇಷ್ಟ. ಅದರಲ್ಲಿ ಮನುಷ್ಯ ಕಾಣುತ್ತಾರೆ.

‘ಮಿಂಚಿನ ಓಟ’ 1980ರ ಚಿತ್ರ, ಶಂಕರ್‌ನಾಗ್ ಅವರ ಮೊದಲ ನಿರ್ದೇಶನ. ಕಟ್ಟೆ, ಟೋನಿ ಅಂತ ಇಬ್ಬರು ಕಾರು ಕಳ್ಳರು. ಜೈಲಿನಲ್ಲಿ ಅವರಿಗೆ ಈ ತಾತ ಸಿಗುತ್ತಾನೆ. ಮೂವರೂ ಸೇರಿ ತಪ್ಪಿಸಿಕೊಳ್ಳುವ ಯೋಚನೆ ಮಾಡುತ್ತಾರೆ. ಹುಡುಗರಿಗೆ ಓಡುವ ಹುಮ್ಮಸ್ಸಿದೆ, ಓಡಿದ ಮೇಲೆ ಬದುಕೋಕೆ ವಯಸ್ಸೂ ಇದೆ. ತಾತನಿಗೆ ಏನಿದೆ? ಆದರೂ ಅವನಿಗೂ ಹೊರಗಿನ ಗಾಳಿ ಬೇಕು. ಈ ‘ಆದರೂ’ ಅನ್ನುವುದನ್ನು ಲೋಕನಾಥ್ ಡೈಲಾಗಿನಲ್ಲಿ ಹೇಳಿ ಮುಗಿಸುವುದಿಲ್ಲ, ಉದ್ದಕ್ಕೂ ಮುಖದಲ್ಲಿ ಇಟ್ಟುಕೊಂಡಿರುತ್ತಾರೆ. ಆಗ ಅವರಿಗೆ 50 ದಾಟಿ ಎರಡು ಮೂರು ವರ್ಷ ಅಷ್ಟೇ. ಈ ಪಾತ್ರಕ್ಕೆ ರಾಜ್ಯ ಸರ್ಕಾರದ ಅತ್ಯುತ್ತಮ ಪೋಷಕ ನಟ ಪ್ರಶಸ್ತಿಯೂ ಬಂತು. ಆದರೆ ಇವತ್ತು ಈ ಚಿತ್ರದ ಮಾತು ಬಂದರೆ ನಾಗ್ ಸಹೋದರರ ಹೆಸರು ಹೇಳಿ ನಿಲ್ಲಿಸುತ್ತೇವೆ. ಅವರಿಬ್ಬರ ಮೇಲೆ ನನಗೂ ಪ್ರೀತಿ ಕಡಿಮೆ ಏನಿಲ್ಲ. ಆದರೆ ಆ ತಾತ ಇಲ್ಲದೆ ಆ ಓಟಕ್ಕೆ ಅಷ್ಟು ನೋವು ಬರುತ್ತಿರಲಿಲ್ಲ ಅಂತ ನನಗೆ ಗಟ್ಟಿಯಾಗಿ ಅನ್ನಿಸುತ್ತದೆ.

2018ರ ಡಿಸೆಂಬರ್ 31ರಂದು ಲೋಕನಾಥ್ ತೀರಿಕೊಂಡರು. 650ಕ್ಕೂ ಹೆಚ್ಚು ಸಿನಿಮಾ, 1,000ಕ್ಕೂ ಹೆಚ್ಚು ನಾಟಕ ಅಂತ ಪತ್ರಿಕೆಗಳು ಬರೆದವು. ಊರೆಲ್ಲ ಹೊಸ ವರ್ಷದ ಗಲಾಟೆಯಲ್ಲಿತ್ತು.

ಸಿನಿಮಾಗಳನ್ನು ಹುಡುಕಿಯಾದರೂ ನೋಡಬಹುದು. ನಾಟಕಗಳನ್ನು ನಾನು ಎಲ್ಲಿ ನೋಡಲಿ? ಅವು ನೋಡಿದವರ ನೆನಪಿನಲ್ಲಿ ಮಾತ್ರ ಇವೆ. ಆ ಜನಕ್ಕೂ ಈಗ ವಯಸ್ಸಾಗಿದೆ. ನಿಮ್ಮ ಮನೆಯಲ್ಲಿ ಅಪ್ಪನೋ ಅಜ್ಜಿಯೋ ಅವರನ್ನು ರಂಗದ ಮೇಲೆ ನೋಡಿದ್ದರೆ ದಯವಿಟ್ಟು ಕೇಳಿ. ಯಾವ ನಾಟಕ, ಯಾವ ಪಾತ್ರ, ಮೈಕಿಲ್ಲದೆ ಆ ದನಿ ಹೇಗಿತ್ತು? ಎರಡೇ ಸಾಲಾದರೂ ಸರಿ, ಇಲ್ಲಿ ಬರೆಯಿರಿ.