ಒಂದೇ ಮಗ್ಗುಲಿನ ಬೆಟ್ಟ

ಸೋಮೇಶ್ವರದಲ್ಲಿ ನಿಂತು ಮೂಡಣಕ್ಕೆ ಕತ್ತೆತ್ತಿದರೆ ಆಗುಂಬೆ ಗೋಡೆಯ ಹಾಗೆ ಎದುರಾಗುತ್ತದೆ. ಅದೇ ಆಗುಂಬೆಗೆ ತೀರ್ಥಹಳ್ಳಿ ಕಡೆಯಿಂದ ಬಂದವರಿಗೆ ಬೆಟ್ಟ ಹತ್ತಿದ್ದೇ ಗೊತ್ತಾಗುವುದಿಲ್ಲ. ಗದ್ದೆ, ತೋಟ, ಕಾಡು ಅಂತ ಬರುತ್ತಿರುವಾಗ ಇದ್ದಕ್ಕಿದ್ದಂತೆ ನೆಲವೇ ಮುಗಿದುಬಿಡುತ್ತದೆ.

ಹತ್ತಲು ಒಂದು ಮಗ್ಗುಲು, ಇಳಿಯಲು ಇನ್ನೊಂದು ಇದ್ದರಲ್ಲವೇ ಬೆಟ್ಟ? ಇದಕ್ಕಿರುವುದು ಒಂದೇ. ನಮ್ಮ ಜನ ಇದನ್ನು ಎಂದೋ ಕಂಡುಕೊಂಡಿದ್ದಾರೆ. ‘ಸಹ್ಯಾದ್ರಿ ಹತ್ತಿದೆ’ ಎಂದು ಯಾರೂ ಹೇಳುವುದಿಲ್ಲ. ‘ಘಟ್ಟ ಹತ್ತಿದೆ’ ಎನ್ನುತ್ತಾರೆ. ಸ್ನಾನಘಟ್ಟದಲ್ಲಿರುವ ಘಟ್ಟವೇ ಇದು: ಮೆಟ್ಟಿಲು. ಮುಳ್ಳಯ್ಯನಗಿರಿ, ಕುದುರೆಮುಖದವರು ತಕರಾರು ತೆಗೆದಾರು. ಇರಲಿ, ಅವು ಮೆಟ್ಟಿಲ ಮೇಲೆ ಇಟ್ಟ ಕೊಡಗಳು.

ಹಿಮಾಲಯ ಎರಡು ಭೂಭಾಗಗಳ ಡಿಕ್ಕಿಯಲ್ಲಿ ಮಡಿಕೆ ಬಿದ್ದು ಎದ್ದದ್ದು. ಘಟ್ಟದ ಕಥೆ ತಿರುವುಮುರುವು, ಇದು ಪಾಲಾದ ಮನೆಯ ಗೋಡೆ. ಸುಮಾರು 9 ಕೋಟಿ ವರ್ಷಗಳ ಹಿಂದೆ ಮಡಗಾಸ್ಕರ್ ದ್ವೀಪ ನಮ್ಮ ನೆಲದಿಂದ ಬೇರೆಯಾದಾಗ ಉಳಿದ ಅಂಚು ಎತ್ತರದಲ್ಲೇ ನಿಂತಿತು. ಅಲ್ಲಿಂದ ಇಲ್ಲಿಯವರೆಗೆ ಮಳೆ ಅದನ್ನು ಕೊರೆಯುತ್ತಲೇ ಇದೆ. ಪಡುವಣಕ್ಕೆ ಧುಮುಕುವ ಹೊಳೆಗಳು ಗಿಡ್ಡ, ಆದರೆ ಇಳಿಜಾರು ಕಡಿದು. ಅವುಗಳ ಹಲ್ಲು ಚೂಪು. ಅವು ಬುಡದಿಂದ ಮೇಲಕ್ಕೆ ಕಡಿಯುತ್ತ ಹೋದಷ್ಟೂ ಅಂಚು ಮೂಡಣಕ್ಕೆ ಸರಿಯುತ್ತದೆ.

ಮೇಲಿನ ನೆಲವೋ, ಸಮುದ್ರಕ್ಕೆ ಬೆನ್ನು ತಿರುಗಿಸಿ ಮಲಗಿದೆ. ಮಹಾಬಲೇಶ್ವರದಲ್ಲಿ ಹುಟ್ಟುವ ಕೃಷ್ಣೆಗೆ ಅರಬ್ಬೀ ಸಮುದ್ರ ಬರೀ 64 ಕಿ.ಮೀ. ದೂರ. ಅದನ್ನು ಬಿಟ್ಟು ಸುಮಾರು 1,400 ಕಿ.ಮೀ. ಹರಿದು ಬಂಗಾಳ ಕೊಲ್ಲಿ ಸೇರುತ್ತಾಳೆ. ಬ್ರೆಜಿಲ್‌ನಲ್ಲೂ ಇಂಥದೇ ಅಂಚೊಂದಿದೆ, ಸೆರ್ರಾ ದೊ ಮಾರ್. ಅಟ್ಲಾಂಟಿಕ್ ಮಗ್ಗುಲಲ್ಲೇ ಹುಟ್ಟುವ ತಿಯೆತೆ ನದಿ ಅಲ್ಲಿ ಒಳನಾಡಿಗೆ ಹೊರಟು, ಸಾವಿರಕ್ಕೂ ಹೆಚ್ಚು ಕಿ.ಮೀ. ಸುತ್ತಿ ಪರಾನಾ ನದಿಯನ್ನು ಕೂಡುತ್ತದೆ. ದಕ್ಷಿಣ ಆಫ್ರಿಕಾದ ಡ್ರಾಕೆನ್ಸ್‌ಬರ್ಗ್ ಕೂಡ ಇದೇ ಕುಲ. ಕೆಳಗಿನಿಂದ ನೋಡಿದ ಜುಲು ಜನ ಅದಕ್ಕೆ ‘ಈಟಿಗಳ ಬೇಲಿ’ ಎಂಬ ಅರ್ಥದ ಹೆಸರಿಟ್ಟರು. ಮೇಲೆ ಲೆಸೊಥೊ ದೇಶದಲ್ಲಿ ಕುರಿ ಮೇಯುತ್ತಿರುತ್ತವೆ.

ಮೆಟ್ಟಿಲು ಇಷ್ಟು ಎತ್ತರವಾದರೆ ಹತ್ತುವುದೇ ಒಂದು ವಿದ್ಯೆ. ಸಕಲೇಶಪುರ–ಸುಬ್ರಹ್ಮಣ್ಯ ರೈಲುಮಾರ್ಗದಲ್ಲಿ 50 ಮೀಟರ್ ಸಾಗಿದರೆ 1 ಮೀಟರ್ ಏರು. ಅಷ್ಟಕ್ಕೇ ಹೆಚ್ಚಿನ ಎಂಜಿನ್ ಬೇಕು, 57 ಸುರಂಗ ಕೊರೆಯಬೇಕಾಯಿತು. ಬ್ರೆಜಿಲ್‌ನ ಸಾಂತೋಸ್ ಬಂದರಿನಿಂದ ಸಾವೊ ಪಾಲೊಗೆ 1867ರಲ್ಲಿ ರೈಲು ಬಿಟ್ಟವರಿಗೆ ಸುತ್ತುವ ವ್ಯವಧಾನವಿರಲಿಲ್ಲ. ಸುಮಾರು 8 ಕಿ.ಮೀ.ಗೆ 800 ಮೀಟರ್ ಏರು ಇಟ್ಟು, ಬೋಗಿಗಳನ್ನು ಬಾವಿಯ ಕೊಡದಂತೆ ಹಗ್ಗ ಕಟ್ಟಿ ಎಳೆದರು.

ಆಗುಂಬೆಯ 14 ತಿರುವುಗಳಲ್ಲಿ ಹತ್ತುವುದಕ್ಕಿಂತ ಇಳಿಯುವುದೇ ಕಷ್ಟ. ಹತ್ತಲು ಯಾವ ಗೇರೋ ಇಳಿಯಲೂ ಅದೇ ಗೇರು. ನ್ಯೂಟ್ರಲ್ ಮಾಡಿ ಪೆಟ್ರೋಲ್ ಉಳಿಸಲು ಹೊರಟರೆ ಭಾರವೆಲ್ಲ ಬ್ರೇಕಿನ ಮೇಲೆ ಬಿದ್ದು ಪ್ಯಾಡ್ ಕಾಯುತ್ತದೆ. ಮೊದಲು ಸುಟ್ಟ ವಾಸನೆ, ಆಮೇಲೆ ಒತ್ತಿದರೂ ಹಿಡಿಯದ ಬ್ರೇಕು. ಎದುರಿಂದ ಹತ್ತಿ ಬರುವವನಿಗೆ ದಾರಿ ಬಿಡುವುದು ಉಪಕಾರವಲ್ಲ, ನಿಯಮ. ಏರಿನಲ್ಲಿ ನಿಂತ ಲಾರಿ ಮತ್ತೆ ಹೊರಡುವಾಗ ಹಿಂದೆ ಜಾರುತ್ತದೆ.

ಆ ಬ್ರೆಜಿಲ್ ರೈಲು ಮೇಲೆ ಬಂದು ಸೇರುತ್ತಿದ್ದ ಊರು ಪರಾನಾಪಿಯಾಕಾಬಾ. ಅಲ್ಲಿನ ಮೂಲನಿವಾಸಿಗಳ ತುಪಿ ಭಾಷೆಯಲ್ಲಿ ‘ಸಮುದ್ರ ಕಾಣುವ ಜಾಗ’ ಎಂದರ್ಥವಂತೆ. ನಮ್ಮಲ್ಲೂ ಆಗುಂಬೆಯ ಸೂರ್ಯಾಸ್ತದ ಕಟ್ಟೆಯಲ್ಲಿ ಜನ ಕೈ ಅಡ್ಡ ಹಿಡಿದು ಹುಡುಕುವುದು ಸಮುದ್ರವನ್ನೇ. ಎರಡೂ ಕಡೆ ಹೆಚ್ಚಿನ ದಿನ ಕಾಣುವುದು ಮಂಜು.