ಮೆಹರಂಗೀರ್ ಉಳಿಯಬೇಕಿತ್ತು

ಮುಂಬೈಯ ಮಲಬಾರ್ ಹಿಲ್‌ನಲ್ಲಿ ಮೆಹರಂಗೀರ್ ಅಂತ ಒಂದು ಬಂಗಲೆ ಇತ್ತು. ವಿಜ್ಞಾನಿ ಹೋಮಿ ಭಾಭಾ ಬಾಳಿದ ಮನೆ. 2014ರ ಜೂನ್‌ನಲ್ಲಿ ಅದು 372 ಕೋಟಿ ರೂಪಾಯಿಗೆ ಹರಾಜಾಯಿತು. 2016ರಲ್ಲಿ ನೆಲಸಮವಾಯಿತು. ಇಷ್ಟು ವರ್ಷ ಆದಮೇಲೂ ನನಗೆ ಇದನ್ನು ಒಪ್ಪಿಕೊಳ್ಳೋಕೆ ಆಗಿಲ್ಲ.

ಭಾಭಾ ಮದುವೆ ಆಗಲಿಲ್ಲ. 1966ರ ಜನವರಿ 24ರಂದು ಆಲ್ಪ್ಸ್ ಪರ್ವತದ ಮಾಂಟ್ ಬ್ಲಾಂಕ್ ಶಿಖರದ ಬಳಿ ನಡೆದ ಏರ್ ಇಂಡಿಯಾ ವಿಮಾನ ಅಪಘಾತದಲ್ಲಿ ತೀರಿಕೊಂಡರು. ಆಗ ಅವರಿಗೆ 56 ವರ್ಷ. ಮನೆ ತಮ್ಮ ಜಮ್‌ಶೆಡ್ ಭಾಭಾ ಅವರಿಗೆ ಬಂತು. ನರಿಮನ್ ಪಾಯಿಂಟ್‌ನ ಪ್ರದರ್ಶನ ಕಲೆಗಳ ರಾಷ್ಟ್ರೀಯ ಕೇಂದ್ರ ಎನ್‌ಸಿಪಿಎ ಕಟ್ಟಿ ಬೆಳೆಸಿದವರು ಇವರೇ. 2007ರಲ್ಲಿ ಅವರು ತೀರಿಕೊಂಡಾಗ ಮನೆ ಆ ಸಂಸ್ಥೆಗೆ ಸೇರಿತು. ಸಂಸ್ಥೆ ಅದನ್ನು ಮಾರಿತು.

ಸಂಸ್ಥೆಯನ್ನು ಬೈಯೋದು ಸುಲಭ. ನಾನು ಬೈಯಲ್ಲ. ಕಲಾಕೇಂದ್ರ ನಡೆಸೋಕೆ ದುಡ್ಡು ಬೇಕು, ಮನೆ ಕೊಟ್ಟವರ ಮನಸ್ಸೂ ಕಲೆಯ ಕಡೆಗೇ ಇತ್ತು. ನನ್ನ ಸಿಟ್ಟು ಸರ್ಕಾರದ ಮೇಲೆ. ಭಾಭಾ ಅಣು ಸಂಶೋಧನಾ ಕೇಂದ್ರದ ನೌಕರರು ಹೈಕೋರ್ಟ್‌ ಮೆಟ್ಟಿಲು ಹತ್ತಿದರು. ನಮ್ಮ ರಸಾಯನ ವಿಜ್ಞಾನಿ ಸಿ.ಎನ್.ಆರ್. ರಾವ್ ಪ್ರಧಾನಿಗೆ ಪತ್ರ ಬರೆದರು. ಎಲ್ಲರೂ ಕೇಳಿದ್ದು ಒಂದೇ, ಅಲ್ಲೊಂದು ಮ್ಯೂಸಿಯಂ ಮಾಡಿ ಅಂತ. ಕೋರ್ಟ್ ಹರಾಜಿಗೆ ತಡೆ ಕೊಡಲಿಲ್ಲ. ದೇಶದ ಅಣು ಕಾರ್ಯಕ್ರಮಕ್ಕೆ ಅಡಿಪಾಯ ಹಾಕಿದವರ ಮನೆ ಕೊಳ್ಳೋಕೆ ಈ ದೇಶದ ಬೊಕ್ಕಸದಲ್ಲಿ ಹಣ ಇರಲಿಲ್ಲ ಅಂದರೆ ನಾನು ನಂಬಲ್ಲ.

ಈ ಕುಟುಂಬಕ್ಕೂ ವಿಜ್ಞಾನಕ್ಕೂ ಮನೆಯ ನಂಟು ಇನ್ನೊಂದಿದೆ. ಇದರಲ್ಲಿ ನಮ್ಮ ಬೆಂಗಳೂರೂ ಬರುತ್ತದೆ. 1939ರಲ್ಲಿ ಭಾಭಾ ಕೇಂಬ್ರಿಡ್ಜ್‌ನಿಂದ ರಜೆಗೆ ಬಂದಿದ್ದರು. ಯುದ್ಧ ಶುರುವಾಯಿತು, ವಾಪಸ್ ಹೋಗೋಕೆ ಆಗಲಿಲ್ಲ. ಬೆಂಗಳೂರಿನಲ್ಲಿ ಸಿ.ವಿ. ರಾಮನ್ ಇದ್ದ ಭಾರತೀಯ ವಿಜ್ಞಾನ ಸಂಸ್ಥೆ, ಅಂದರೆ ಟಾಟಾ ಇನ್‌ಸ್ಟಿಟ್ಯೂಟ್‌ಗೆ ಸೇರಿದರು. ಬಾಹ್ಯಾಕಾಶದಿಂದ ಬರುವ ಕಾಸ್ಮಿಕ್ ಕಿರಣಗಳ ಅಧ್ಯಯನಕ್ಕೆ ಅಲ್ಲೇ ಒಂದು ವಿಭಾಗ ಕಟ್ಟಿದರು. 1945ರ ಜೂನ್‌ನಲ್ಲಿ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ, ಅಂದರೆ ಟಿಐಎಫ್‌ಆರ್, ಶುರುವಾಗಿದ್ದೂ ಬೆಂಗಳೂರಿನ ಆ ಕ್ಯಾಂಪಸ್‌ನಲ್ಲೇ. ಅದೇ ವರ್ಷ ಅದು ಮುಂಬೈಗೆ ಹೋಯಿತು. ಅಲ್ಲಿ ಅದಕ್ಕೆ ಜಾಗ ಸಿಕ್ಕಿದ್ದು ಎಲ್ಲಿ ಗೊತ್ತಾ? ಪೆಡ್ಡರ್ ರಸ್ತೆಯ ಕೆನಿಲ್‌ವರ್ತ್ ಬಂಗಲೆಯಲ್ಲಿ. ಭಾಭಾ ಹುಟ್ಟಿದ ಮನೆ ಅದು! ಸ್ವಂತ ಕಟ್ಟಡ ಇಲ್ಲದ ಕಾಲದಲ್ಲಿ ವಿಜ್ಞಾನಕ್ಕೆ ಸೂರು ಕೊಟ್ಟಿದ್ದು ಒಂದು ಮನೆ. ಮುಂದೆ ಅದೇ ವಿಜ್ಞಾನಿಯ ಮನೆ ಬೀಳುವಾಗ ನಾವು ಯಾರೂ ಕೈ ಹಿಡಿಯಲಿಲ್ಲ.

ಟಿಐಎಫ್‌ಆರ್‌ ಇದೆ, ಅವರ ಹೆಸರಿನ ಅಣು ಕೇಂದ್ರ ಇದೆ, ಅವೇ ಸ್ಮಾರಕ ಅಲ್ವಾ ಅಂತ ಕೆಲವರು ಕೇಳುತ್ತಾರೆ. ನಿಜ. ಆದರೆ ಸಂಸ್ಥೆಯಲ್ಲಿ ಕಾಣೋದು ಕೆಲಸ, ಮನುಷ್ಯ ಕಾಣೋದು ಮನೆಯಲ್ಲಿ. ಭಾಭಾ ಚಿತ್ರ ಬರೆಯುತ್ತಿದ್ದರು. ಪಾಶ್ಚಾತ್ಯ ಶಾಸ್ತ್ರೀಯ ಸಂಗೀತ ಅಂದರೆ ಪ್ರಾಣ. ಟಿಐಎಫ್‌ಆರ್ ಗೋಡೆಗಳಿಗೆ ನಮ್ಮ ಕಲಾವಿದರ ಚಿತ್ರಗಳನ್ನು ಆರಿಸಿ ಕೊಂಡವರು. ಮರ ಕಡಿಯೋ ಬದಲು ಬೇರು ಸಮೇತ ಎತ್ತಿ ಬೇರೆ ಕಡೆ ನೆಡಿಸಿದವರು. ಮೆಹರಂಗೀರ್ ಉಳಿದಿದ್ದರೆ ಫಿಸಿಕ್ಸ್ ಓದುವ ಹುಡುಗಿ ಅಲ್ಲಿಗೆ ಹೋಗಿ, ಗಣಿತವೂ ಸಂಗೀತವೂ ಒಂದೇ ಸೂರಿನಡಿ ಇದ್ದಿದ್ದನ್ನು ನೋಡಬಹುದಿತ್ತು.

ಕಾನೂನಿನಲ್ಲೂ ತೊಡಕಿದೆ. 1958ರ ಪುರಾತನ ಸ್ಮಾರಕಗಳ ಕಾಯ್ದೆ ನೋಡೋದು ಕನಿಷ್ಠ 100 ವರ್ಷ ಹಳೆಯದನ್ನು. ಭಾಭಾ ಹುಟ್ಟಿದ್ದೇ 1909ರಲ್ಲಿ. ಸ್ವತಂತ್ರ ಭಾರತ ಕಟ್ಟಿದವರ ಮನೆಗಳಲ್ಲಿ ಎಷ್ಟು ಆ ಅಳತೆಗೆ ಸಿಗುತ್ತವೆ ಹೇಳಿ. ನೂರು ತುಂಬೋ ಹೊತ್ತಿಗೆ ಜಾಗದ ಬೆಲೆ ಮನೆಯನ್ನು ನುಂಗಿರುತ್ತದೆ. ಇಂಥ ಮನೆ ಮಾರಾಟಕ್ಕೆ ಬಂದಾಗ ಕೊಳ್ಳುವ ಮೊದಲ ಅವಕಾಶ ಸರ್ಕಾರಕ್ಕೆ ಇರಬೇಕು. ಮಾಲೀಕರಿಗೆ ಮಾರ್ಕೆಟ್ ಬೆಲೆಯೇ ಸಿಗಲಿ, ಅವರಿಗೆ ಯಾಕೆ ನಷ್ಟ ಆಗಬೇಕು?

ಮೆಹರಂಗೀರ್ ವಿಷಯದಲ್ಲಿ ಈಗಲೂ ಮಾಡಬಹುದಾದ ಕೆಲಸ ಇದೆ. ಟಿಐಎಫ್‌ಆರ್, ಎನ್‌ಸಿಪಿಎ ಎರಡೂ ಮುಂಬೈಯಲ್ಲೇ ಇವೆ. ಮನೆಯ ಫೋಟೋ, ನಕ್ಷೆ, ಪತ್ರ, ಯಾರ ಹತ್ತಿರ ಏನಿದೆಯೋ ಒಂದು ಕಡೆ ಸೇರಿಸಿ ಜನರಿಗೆ ತೋರಿಸಲಿ. ಆ ಮನೆಯೊಳಗೆ ಓಡಾಡಿದವರ ಮಾತನ್ನು, ಅವರು ಇರುವಾಗಲೇ ರೆಕಾರ್ಡ್ ಮಾಡಲಿ.